ಆ ದನಿ ಅವನದಲ್ಲ

ಧಾರವಾಡದಲ್ಲಿ ಕಾಲೇಜು ಓದುತ್ತಿದ್ದಾಗ ಒಂದು ಭಾನುವಾರ ಹುಬ್ಬಳ್ಳಿಗೆ ಹೋಗಿ ‘ಗೋಲ್ಡ್‌ಫಿಂಗರ್’ ನೋಡಿದೆವು. ಗೆಳೆಯರೆಲ್ಲ ಬಾಂಡ್‌ನ ಕಾರಿನ ಗುಂಗಿನಲ್ಲಿದ್ದರೆ ನನ್ನ ತಲೆಯಲ್ಲಿ ಕೂತವನು ಖಳನಾಯಕ. ದಪ್ಪ ಕುತ್ತಿಗೆ, ಕೆಂಚು ಕೂದಲು, ಚಿನ್ನದ ಮಾತು ಬಂದರೆ ಹೊಳೆಯುವ ಪುಟ್ಟ ಕಣ್ಣು. ದನಿ ಮಾತ್ರ ತಣ್ಣಗೆ.

ನನಗೆ ನೆನಪಾದದ್ದು ಸೋದರಮಾವ. ನಮ್ಮೂರ ಬಯಲಾಟದಲ್ಲಿ ದುಶ್ಶಾಸನನ ಪಾತ್ರ ಅವನದೇ. ಆಟದ ಮರುದಿನ ಪೆಪ್ಪರಮಿಂಟು ಹಿಡಿದು ಬಂದರೆ ನಾನು ಅವ್ವನ ಸೆರಗಿನ ಹಿಂದೆ ಅಡಗುತ್ತಿದ್ದೆ. ‘ಏ ಹುಚ್ಚಪ್ಪ, ನಿಮ್ಮ ಮಾವನೋ ಅವ’ ಎಂದು ಅವ್ವ ಎಷ್ಟು ಹೇಳಿದರೂ ನಂಬುತ್ತಿರಲಿಲ್ಲ.

ಗೋಲ್ಡ್‌ಫಿಂಗರ್ ಆದವನ ಹೆಸರು ಗೆರ್ಟ್ ಫ್ರೋಬೆ. ಜರ್ಮನಿಯ ಸ್ಯಾಕ್ಸನಿ ಸೀಮೆಯ ಪ್ಲಾನಿಟ್ಸ್‌ನಲ್ಲಿ 1913ರಲ್ಲಿ ಹುಟ್ಟಿದವನು. ಮೊದಲು ಕೈಗೆ ಬಂದದ್ದು ಪಿಟೀಲು. ಆಮೇಲೆ ರಂಗದ ಪರದೆಗಳಿಗೆ ಬಣ್ಣ ಬಳಿದ, ಆಮೇಲೆ ನಟನಾದ. ಯುದ್ಧ ಮುಗಿದ ಮೇಲೆ, 1948ರ ‘ಬರ್ಲಿನರ್ ಬಲ್ಲಾಡೆ’ ಚಿತ್ರದಲ್ಲಿ ಹಾಳುಬಿದ್ದ ಬರ್ಲಿನ್ನಿಗೆ ಮರಳುವ ಬಡಪಾಯಿಯ ಪಾತ್ರ ಮಾಡಿದ. ಆಗ ಕಡ್ಡಿಯಂತಿದ್ದ ಎಂದರೆ ನೀವು ನಂಬಲಿಕ್ಕಿಲ್ಲ. ಆ ಪಾತ್ರದ ಹೆಸರು ಓಟೋ ನಾರ್ಮಲ್‌ಫೆರ್‌ಬ್ರಾಉಖರ್. ಜರ್ಮನರು ಇಂದಿಗೂ ಸಾಮಾನ್ಯ ಮನುಷ್ಯನನ್ನು ಆ ಹೆಸರಿನಿಂದಲೇ ಕರೆಯುತ್ತಾರೆ.

ಹತ್ತು ವರ್ಷದ ನಂತರ, 1958ರಲ್ಲಿ, ಕೈಗೊಂಬೆ ಆಡಿಸಿ ಪುಟ್ಟ ಹುಡುಗಿಯನ್ನು ಮರುಳು ಮಾಡುವ ಕೊಲೆಗಾರನಾದ. ಆ ಪಾತ್ರವೇ ಆತನನ್ನು 1964ರ ಬಾಂಡ್ ಚಿತ್ರಕ್ಕೆ ಕರೆದೊಯ್ದಿತು. ಇಂಗ್ಲಿಷು ಸಾಲದ್ದರಿಂದ ಮೈಕೇಲ್ ಕಾಲಿನ್ಸ್ ಎಂಬ ಬ್ರಿಟಿಷ್ ನಟ ಆತನಿಗೆ ದನಿ ಕೊಟ್ಟ. ಇದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ. ನಾನು ಹೆದರಿದ್ದ ದನಿ ಅವನದೇ ಅಲ್ಲ!

ಆದರೆ ಕತೆ ಇಷ್ಟಕ್ಕೇ ನಿಲ್ಲಲಿಲ್ಲ. ಹದಿಹರೆಯದಲ್ಲಿ, 1929ರಲ್ಲಿ, ಆತ ನಾತ್ಸಿ ಪಕ್ಷ ಸೇರಿದ್ದ, 1937ರಲ್ಲಿ ಬಿಟ್ಟಿದ್ದ. 1965ರಲ್ಲಿ ಇದು ಬಯಲಾದಾಗ ಇಸ್ರೇಲ್ ಆತನ ಚಿತ್ರಗಳನ್ನು ನಿಷೇಧಿಸಿತು. ಆಗ ಮಾರಿಯೋ ಬ್ಲೂಮೆನೌ ಎಂಬ ಯೆಹೂದಿ ಮುಂದೆ ಬಂದು, ತನ್ನನ್ನೂ ತನ್ನ ತಾಯಿಯನ್ನೂ ನಾತ್ಸಿಗಳ ಕೈಗೆ ಸಿಗದಂತೆ ಅಡಗಿಸಿ ಉಳಿಸಿದವನು ಇದೇ ಫ್ರೋಬೆ ಎಂದು ಹೇಳಿದ. ನಿಷೇಧ ತೆರವಾಯಿತು.

ಇದನ್ನು ಓದಿದ ದಿನ ನಾನು ಬಹಳ ಹೊತ್ತು ಸುಮ್ಮನೆ ಕೂತಿದ್ದೆ. ಎರಡು ಜೀವ ಉಳಿದವು ಎಂದು ಆ ಎಂಟು ವರ್ಷ ಅಳಿಸಿಹೋಗುತ್ತವೆಯೇ? ಇಲ್ಲ. ಆ ಎಂಟು ವರ್ಷದಿಂದ ಎರಡು ಜೀವ ಅಳಿಸಿಹೋಗುತ್ತವೆಯೇ? ಅದೂ ಇಲ್ಲ. ಎರಡನ್ನೂ ಒಂದೇ ಮುಖದಲ್ಲಿ ನೋಡುವುದು ಕಷ್ಟ, ಆದರೆ ನೋಡಲೇಬೇಕು. ಸಿನಿಮಾದಲ್ಲಾದರೆ ಈ ತೊಂದರೆಯಿಲ್ಲ, ಖಳ ಖಳನೇ.

ಬಾಂಡ್ ಚಿತ್ರ ಬಂದ ಮೇಲೆ ಜನ ತನ್ನನ್ನು ನಗುವೇ ಅರಿಯದ ಕ್ರೂರಿ ಎಂದೇ ಭಾವಿಸುತ್ತಾರೆಂದು ಫ್ರೋಬೆ ಕೊರಗುತ್ತಿದ್ದನಂತೆ. 1974ರಲ್ಲಿ ಮಕ್ಕಳ ಕತೆಯ ಹಾಟ್ಸೆನ್‌ಪ್ಲಾಟ್ಸ್ ಎಂಬ ದರೋಡೆಕೋರನಾಗಿ ಜರ್ಮನಿಯ ಮಕ್ಕಳನ್ನು ನಗಿಸಿದ. ಒಂದು ಕಾಲಕ್ಕೆ ತೆರೆಯ ಮೇಲೆ ಮಗುವಿಗೆ ಬಲೆ ಬೀಸಿದ್ದ ಮನುಷ್ಯ! ಕವಿತೆಗಳನ್ನು ಓದುತ್ತ ವೇದಿಕೆಗಳನ್ನೂ ಏರಿದ. ಕೊನೆಗೆ ದೂರದರ್ಶನದ ಆಸ್ಪತ್ರೆ ಧಾರಾವಾಹಿಯೊಂದರಲ್ಲಿ ಕಾಣಿಸಿಕೊಂಡು 1988ರಲ್ಲಿ ಮ್ಯೂನಿಕ್‌ನಲ್ಲಿ ತೀರಿಕೊಂಡ.

ನಮ್ಮ ಮಾವ ತೀರಿಕೊಂಡಾಗ ನಾನು ಪರವೂರಿನಲ್ಲಿದ್ದೆ. ಮಣ್ಣಿಗೂ ಹೋಗಲಾಗಲಿಲ್ಲ. ಆಮೇಲೆ ಅವ್ವ ಹೇಳಿದಳು: ನಾನು ಅಡಗಿದ ಪ್ರತಿ ಸಲವೂ ಅವನು ಪೆಪ್ಪರಮಿಂಟನ್ನು ಹೊಸ್ತಿಲ ಮೇಲಿಟ್ಟು ಹೋಗುತ್ತಿದ್ದನಂತೆ. ಅದನ್ನು ತಿಂದವನು ನಾನೇ. ಅವ್ವ ಕೊಟ್ಟದ್ದೆಂದು ತಿಳಿದು ತಿಂದಿದ್ದೆ.