ಕರಾವಳಿಯ ನಾಗಬನದಲ್ಲಿ ಒಂದು ಇರುಳು

ಘಟ್ಟದ ಮೇಲಿನ ನಮ್ಮ ಸೀಮೆಯವರಿಗೆ 'ನಾಗಮಂಡಲ' ಎಂದೊಡನೆ ಗಿರೀಶ ಕಾರ್ನಾಡರು 1988ರಲ್ಲಿ ರಚಿಸಿದ ನಾಟಕವೋ, 1997ರಲ್ಲಿ ಟಿ. ಎಸ್. ನಾಗಾಭರಣರು ಅದನ್ನು ಆಧರಿಸಿ ತೆಗೆದ ಚಲನಚಿತ್ರವೋ ನೆನಪಾಗುವುದು ಸಹಜ. ಆ ಕಥೆಗೂ ಕರಾವಳಿಯಲ್ಲಿ ಅದೇ ಹೆಸರಿನಿಂದ ನಡೆಯುವ ಆರಾಧನೆಗೂ ಹೆಸರಿನ ಹೊರತು ಹೆಚ್ಚಿನ ಸಂಬಂಧವಿಲ್ಲ. ಬೈಂದೂರಿನಿಂದ ಕುಂದಾಪುರ, ಬ್ರಹ್ಮಾವರಗಳನ್ನು ಹಾದು ದಕ್ಷಿಣಕ್ಕೆ ಹೋದಂತೆಲ್ಲ ಊರೂರಿನಲ್ಲಿ, ಹಳೆಯ ಮನೆತನಗಳ ಜಮೀನಿನ ಮೂಲೆಯಲ್ಲಿ, ಒಂದೊಂದು ನಾಗಬನವಿದೆ. ಆ ನಾಗನ ಪ್ರೀತ್ಯರ್ಥವಾಗಿ, ಮಳೆಗಾಲ ಕಳೆದು ಬೆಳೆ ಮನೆ ಸೇರಿದ ಮೇಲೆ, ರಾತ್ರಿಯಿಡೀ ನಡೆಸುವ ಮಹಾಸೇವೆಯೇ ನಾಗಮಂಡಲ.

ಇಂಥದೊಂದು ಸೇವೆಗೆ ನನ್ನನ್ನು ಕರೆದವರು ನಮ್ಮೂರಿನಲ್ಲಿ ಮೂವತ್ತು ವರ್ಷಗಳಿಂದ ಹೋಟೆಲು ನಡೆಸುತ್ತಿರುವ ಯಜಮಾನರು. ಬ್ರಹ್ಮಾವರದ ಒಳನಾಡಿನವರು. ಬಯಲುಸೀಮೆಯ ಪೇಟೆಗಳಲ್ಲಿ ಇಡ್ಲಿ, ಕಾಫಿಯ ರುಚಿ ಹತ್ತಿಸಿದವರೇ ಇವರ ಕಡೆಯವರಲ್ಲವೆ! ಕರೆಯುವಾಗಲೇ ಅವರು ಸಂಕೋಚದಿಂದ, "ಸ್ವಾಮಿ, ನೀವು ಮಠದಲ್ಲಿ ಓದಿದವರು. ಇದನ್ನು ಒಪ್ಪುವವರಲ್ಲ ಎಂಬುದು ಗೊತ್ತು. ಆದರೂ ಒಮ್ಮೆ ಬಂದು ನೋಡಬೇಕು" ಎಂದರು. ಒಪ್ಪದವನನ್ನು ಒಪ್ಪದವನೆಂದು ತಿಳಿದೇ ಕರೆದ ಆ ಸೌಜನ್ಯವು ನನ್ನನ್ನು ಕಟ್ಟಿಹಾಕಿತು.

ಅವರ ಸಂಕೋಚಕ್ಕೆ ಕಾರಣವನ್ನು ವಾಚಕರಿಗೆ ವಿವರಿಸಬೇಕಾಗಿಲ್ಲ. ಕಲ್ಲಿನ ನಾಗನಿಗೆ ಒಂದು ನ್ಯಾಯ, ಜೀವಂತ ನಾಗನಿಗೆ ಇನ್ನೊಂದು ನ್ಯಾಯ ಎಂಬ ಲೋಕದ ವಿಪರ್ಯಾಸವನ್ನು ಅಣ್ಣನವರು ತಮ್ಮ ವಚನದಲ್ಲಿ ತೋರಿಸಿಕೊಟ್ಟಿರುವುದು ನಮ್ಮ ಮನೆಗಳ ಮಕ್ಕಳಿಗೂ ಬಾಯಿಪಾಠ. ಪಂಚಮಿಯ ಹಾಲನ್ನು ಹುತ್ತಕ್ಕೆ ಸುರಿಯದೆ ಮಕ್ಕಳಿಗೆ ಹಂಚಿ 'ಬಸವ ಪಂಚಮಿ'ಯನ್ನಾಚರಿಸುವ ಕ್ರಮವೂ ನಮ್ಮಲ್ಲಿ ಬೆಳೆದುಬಂದಿದೆ. ಆ ವಚನವನ್ನು ಮನಸ್ಸಿನಲ್ಲಿಟ್ಟುಕೊಂಡೇ ನಾನು ಆಗುಂಬೆಯ ಘಟ್ಟವನ್ನಿಳಿದು ಹೆಬ್ರಿಯ ಮಾರ್ಗವಾಗಿ ಬ್ರಹ್ಮಾವರವನ್ನು ತಲಪಿದೆನು.

ಈ ನೆಲ ನಮಗೆ ತೀರ ಪರಕೀಯವೂ ಅಲ್ಲ. ವೀರಶೈವರಾದ ಕೆಳದಿಯ ಅರಸರು 1763ರಲ್ಲಿ ಹೈದರಾಲಿಯು ಬಿದನೂರನ್ನು ಹಿಡಿಯುವವರೆಗೂ ಈ ಕರಾವಳಿಯನ್ನಾಳಿದವರು. ಕುಂದಾಪುರದ ಸಮೀಪದ ಬಸರೂರು ಅವರ ಕಾಲದ ದೊಡ್ಡ ರೇವು; 1665ರಲ್ಲಿ ಶಿವಾಜಿಯು ಹಡಗುಗಳಲ್ಲಿ ಬಂದು ಸೂರೆಮಾಡಿದ್ದು ಈ ಪಟ್ಟಣವನ್ನೇ. ಬ್ರಹ್ಮಾವರದ ಬಳಿಯ ಬಾರ್ಕೂರು ಇನ್ನೂ ಹಳೆಯದು, ಆಳುಪರ ರಾಜಧಾನಿ. ಅವನ್ನೆಲ್ಲ ನೋಡಲು ಬೇರೊಂದು ದಿನ ಬೇಕು. ನಾನು ಹೋದದ್ದು ಅದಕ್ಕಲ್ಲ.

ಮನೆಯ ಅಂಗಳದಲ್ಲಿ ಕಾಲಿಡುತ್ತಲೇ "ಹ್ವಾಯ್, ಬನಿ, ಕೂಕಣಿ" ಎಂಬ ಕುಂದಗನ್ನಡದ ಸ್ವಾಗತ, ಹಿಂದೆಯೇ ಒಂದು ಚೆಂಬು ನೀರು, ಬೆಲ್ಲದ ತುಂಡು. ಮುಂಬಯಿಯಿಂದ, ಬೆಂಗಳೂರಿನಿಂದ ಅಣ್ಣತಮ್ಮಂದಿರ ಸಂಸಾರಗಳೆಲ್ಲ ಬಂದಿಳಿದಿದ್ದವು. ಮನೆಯ ಪಾಲಾಗಿ, ಮಾತುಬಿಟ್ಟು ವರ್ಷಗಳೇ ಆಗಿದ್ದ ಇಬ್ಬರು ಸಹೋದರರು ಅಂದು ಒಂದೇ ಚಪ್ಪರದ ಕಂಬಕ್ಕೆ ಮಾವಿನ ಸೊಪ್ಪನ್ನು ಕಟ್ಟುತ್ತಿದ್ದರು. ಈ ಸೀಮೆಯ ಕುಟುಂಬಗಳಿಗೆ ಮೂಲ ನಾಗಬನವೆಂಬುದೊಂದು ಇರುತ್ತದೆ. ಜಮೀನು ಮಾರಿಹೋಗಿರಬಹುದು, ಮನೆ ಬಿದ್ದುಹೋಗಿರಬಹುದು. ಆದರೂ ನಾಗರಪಂಚಮಿಯ ದಿನ ತನು ಎರೆಯಲು ಆ ಮೂಲಕ್ಕೇ ಹೋಗಬೇಕು. ಪರವೂರಿನಲ್ಲಿ ಹುಟ್ಟಿ ಬೆಳೆದವರು ತಮ್ಮ ಮೂಲಬನ ಎಲ್ಲಿದೆಯೆಂದು ಹುಡುಕಿಕೊಂಡು ಬರುವುದುಂಟಂತೆ. ವಂಶಾವಳಿಯನ್ನು ಪುಸ್ತಕದಲ್ಲಿ ಬರೆದಿಡದೆ ಮರಗಳ ಕೆಳಗೆ ಇಟ್ಟಿದ್ದಾರೆ ಈ ಜನ.

ಸಂಜೆ ನನ್ನ ಶಿವಪೂಜೆಗೆಂದು ಯಜಮಾನರು ಮಾಳಿಗೆಯ ಕೋಣೆಯೊಂದನ್ನು ಗುಡಿಸಿ ಸಾರಿಸಿ, ಹಿತ್ತಿಲಿನ ಬಿಲ್ವಪತ್ರೆಯನ್ನು ತಾವೇ ಕೊಯ್ದು ತಂದಿಟ್ಟಿದ್ದರು. ಇಷ್ಟಲಿಂಗಪೂಜೆಯನ್ನು ಮುಗಿಸಿ ಕೆಳಗಿಳಿದು ಬರುವಷ್ಟರಲ್ಲಿ ಬನದಲ್ಲಿ ಹಾಲಿಟ್ಟು ಸೇವೆ ಪ್ರಾರಂಭವಾಗಿತ್ತು. ನಾಗಪಾತ್ರಿಗಳೆಂದರೆ ನಾಗದರ್ಶನವನ್ನು ಮೈಮೇಲೆ ತಂದುಕೊಳ್ಳುವ ಬ್ರಾಹ್ಮಣರು. ವೈದ್ಯರೆಂದರೆ ಮದ್ದು ಕೊಡುವವರಲ್ಲ, ಡಕ್ಕೆಯನ್ನು ನುಡಿಸಿ, ಹಾಡಿ, ಕುಣಿದು ನಾಗನನ್ನು ಒಲಿಸುವ ವಂಶಪಾರಂಪರ್ಯದ ಕಲಾವಿದರು. ಈ ಇಬ್ಬರಿಲ್ಲದೆ ಮಂಡಲವಿಲ್ಲ.

ಮಂಡಲವನ್ನು ಬರೆಯುವವರೂ ಈ ವೈದ್ಯರೇ. ನಾನು ಅವರ ಬಳಿಯಲ್ಲೇ ಮಣೆ ಹಾಕಿಸಿಕೊಂಡು ಕುಳಿತೆ. ಐದೇ ಬಣ್ಣಗಳು: ಬಿಳಿಗೆ ಬಿಳಿಯ ಜೇಡಿಮಣ್ಣಿನ ಪುಡಿ, ಹಳದಿಗೆ ಅರಿಸಿನ, ಅರಿಸಿನಕ್ಕೆ ಸುಣ್ಣ ಬೆರೆತರೆ ಕೆಂಪು, ಹಸಿರಿಗೆ ಎಲೆಯ ಪುಡಿ, ಕಪ್ಪಿಗೆ ಸುಟ್ಟ ಭತ್ತದ ಉಮಿ. ಅಂಗಡಿಯಿಂದ ತಂದ ಬಣ್ಣ ಒಂದೂ ಇಲ್ಲ. ಹೆಬ್ಬೆರಳು, ತೋರುಬೆರಳುಗಳ ನಡುವಿನಿಂದ ಪುಡಿಯು ದಾರದಂತೆ ಇಳಿಯುತ್ತ, ಒಂದು ಮಹಾಸರ್ಪವು ತನ್ನ ಮೈಯನ್ನೇ ಗಂಟು ಗಂಟಾಗಿ ಹೆಣೆದುಕೊಂಡು ನೆಲದ ಮೇಲೆ ಮೂಡುತ್ತದೆ. ಆ ಗಂಟಿಗೆ ಪವಿತ್ರವೆಂದು ಹೆಸರು. ಗಂಟುಗಳ ಸಂಖ್ಯೆಯಂತೆ ಏಕಪವಿತ್ರ, ಚತುಃಪವಿತ್ರ, ಅಷ್ಟಪವಿತ್ರ, ಷೋಡಶಪವಿತ್ರ ಎಂಬ ಭೇದಗಳು. ಅಂದಿನದು ಹದಿನಾರು ಪವಿತ್ರಗಳ ಪೂರ್ಣಮಂಡಲ. ಎಲ್ಲಿ ಮೈ ಮೇಲೆ ಹಾಯುತ್ತದೆ, ಎಲ್ಲಿ ಕೆಳಗೆ ನುಸುಳುತ್ತದೆ ಎಂಬುದನ್ನು ಅನುಸರಿಸಲು ಹೋಗಿ ನನ್ನ ಕಣ್ಣು ಮೂರು ಬಾರಿ ದಾರಿ ತಪ್ಪಿತು. ಬರೆಯುತ್ತಿದ್ದವರ ಮುಂದೆ ಕಾಗದವೂ ಇರಲಿಲ್ಲ, ಅಳತೆಗೋಲೂ ಇರಲಿಲ್ಲ.

ನಡುರಾತ್ರಿ ಕಳೆದ ಮೇಲೆ ಮಂಡಲಸೇವೆ. ವೈದ್ಯರಲ್ಲೊಬ್ಬರು ಅರ್ಧನಾರಿಯ ವೇಷದಲ್ಲಿ, ನಾಗಕನ್ನಿಕೆಯಾಗಿ, ಕೈಯಲ್ಲಿ ಡಕ್ಕೆಯನ್ನು ಹಿಡಿದು ಬಂದರು. ಗಂಡೂ ಅಲ್ಲದ ಹೆಣ್ಣೂ ಅಲ್ಲದ ಆ ರೂಪವನ್ನು ಕಂಡಾಗ ಅರ್ಧನಾರೀಶ್ವರನ ನೆನಪಾಗದೆ ಇರುವುದು ಶೈವನಾದವನಿಗೆ ಕಷ್ಟ. ಹಾಡುಗಳು ಕನ್ನಡದವು, ತುಳುವಿನ ಸೀಮೆಗೆ ಹೋದರೂ ವೈದ್ಯರು ನಾಗನನ್ನು ಕರೆಯುವುದು ಕನ್ನಡದಲ್ಲಿಯೇ ಎಂದು ತಿಳಿದು ಆಶ್ಚರ್ಯಪಟ್ಟೆ. ನಾಗಪಾತ್ರಿಗಳು ಹಿಂಗಾರದ ಗೊನೆಗಳನ್ನು ಬಾಚಿ ಮುಖಕ್ಕೆ ಒತ್ತಿಕೊಂಡು, ಅಡಕೆಹೂವಿನ ಎಸಳುಗಳನ್ನು ಮೈತುಂಬ ಚೆಲ್ಲಿಕೊಂಡು, ಬುಸುಗುಡುತ್ತ ಮುಂದೆ ಬಂದರೆ ಕನ್ನಿಕೆ ಹಿಂದೆ ಸರಿಯುತ್ತ, ಡಕ್ಕೆಯನ್ನು ಮಿಡಿಯುತ್ತ, ಕೆಣಕುತ್ತ, ಮಂಡಲವನ್ನು ಸುತ್ತಿಸುತ್ತಾಳೆ. ಜೊತೆಗೆ ವಾದ್ಯದ ಮೇಳ. ಅದರಲ್ಲಿ ಸ್ಯಾಕ್ಸೋಫೋನ್ ಕೂಡ ಇತ್ತು. ಮೊದಲು ಅದು ನನಗೆ ಅಸಂಗತವೆನಿಸಿತು. ಸ್ವಲ್ಪ ಹೊತ್ತಿನಲ್ಲಿ ಅದು ಮರೆತೇಹೋಯಿತು.

ಮೈಮೇಲೆ ಬರುವುದೆಂದರೇನು, ಅದು ದೈವವೋ, ಏಕಾಗ್ರತೆಯೋ, ಅಭ್ಯಾಸವೋ ಎಂಬ ಚರ್ಚೆಗೆ ನಾನು ಇಳಿಯುವುದಿಲ್ಲ. ಅಂಗದ ಮೇಲಿನ ಲಿಂಗವನ್ನು ನಂಬಿದವನಿಗೆ ಪಾತ್ರಿಯ ನುಡಿಯ ಅಗತ್ಯ ಬೀಳುವುದಿಲ್ಲ, ಇದನ್ನು ಮುಚ್ಚಿಡಬೇಕಾದುದಿಲ್ಲ. ಆದರೆ ನುಡಿ ಕೇಳಲು ಸಾಲಾಗಿ ನಿಂತ ಆ ಮನೆಯ ಹೆಣ್ಣುಮಕ್ಕಳ ಮುಖಗಳನ್ನು ಕಂಡ ಮೇಲೆ ಅಪಹಾಸ್ಯ ಮಾಡುವ ಧೈರ್ಯ ನನಗಿಲ್ಲ. ಮಕ್ಕಳಾಗದವಳೊಬ್ಬಳು, ಚರ್ಮದ ಕಾಯಿಲೆಯ ಮಗುವನ್ನೆತ್ತಿಕೊಂಡವಳೊಬ್ಬಳು. ಆ ಮಗುವನ್ನು ವೈದ್ಯರಿಗೆ, ಅಂದರೆ ಮದ್ದು ಕೊಡುವ ವೈದ್ಯರಿಗೆ, ತೋರಿಸಿದ್ದೀರಾ ಎಂದು ಯಜಮಾನರನ್ನು ಕೇಳಿದೆ. ಮಣಿಪಾಲಕ್ಕೆ ಹೋಗಿ ಬರುತ್ತಿದ್ದೇವೆ, ಎರಡೂ ನಡೆಯುತ್ತದೆ, ಎಂದರು.

ಬೆಳಗಿನ ಜಾವಕ್ಕೆ ಸೇವೆ ಮುಗಿಯಿತು. ಅಷ್ಟು ಹೊತ್ತು ಕುಳಿತು ಬರೆದ ಮಂಡಲವನ್ನು ಕುಣಿಯುವ ಕಾಲುಗಳೇ ಕಲೆಸಿದ್ದವು. ಉಳಿದುದನ್ನು ಬಳಿದು ಪ್ರಸಾದವೆಂದು ಹಂಚಿದರು. ನನ್ನ ಸರದಿ ಬಂದಾಗ, ವಿಭೂತಿಯ ಹಣೆಗೆ ಆ ಪುಡಿಯನ್ನು ಹಚ್ಚಿಕೊಳ್ಳಲಿಲ್ಲ. ಹಿಂಗಾರದ ಒಂದೆಸಳನ್ನು ಕೇಳಿ ಪಡೆದು ಅಂಗೈಯಲ್ಲಿ ಹಿಡಿದುಕೊಂಡೆ. ಯಾರೂ ಏನೂ ಅನ್ನಲಿಲ್ಲ.

ಬೆಳಕು ಹರಿದ ಮೇಲೆ ಯಜಮಾನರ ಸೋದರತ್ತೆ, ಎಂಬತ್ತು ದಾಟಿದ ವೃದ್ಧೆ, ನನ್ನನ್ನು ಬನವನ್ನು ತೋರಿಸಲು ಕರೆದೊಯ್ದರು. ಗದ್ದೆಗಳ ನಡುವೆ ಅರ್ಧ ಎಕರೆಯೂ ಇಲ್ಲದ ಒಂದು ತುಂಡು ಕಾಡು. ಸುರಗಿ, ಹೊನ್ನೆ, ಕಾಸರಕ, ಬೈನೆ. ಅವನ್ನೆಲ್ಲ ಬಿಗಿದು ಹಬ್ಬಿದ ಬೀಳಲುಬಳ್ಳಿಗಳು. ಒಳಗೆ ಹೋದೊಡನೆ ಮೈಗೆ ತಂಪು. ನಡುವೆ ಪಾಚಿಗಟ್ಟಿದ ನಾಲ್ಕು ನಾಗಶಿಲೆಗಳು. ಇಲ್ಲಿಯ ಒಣಗಿದ ಕಡ್ಡಿಯನ್ನು ಕೂಡ ಒಲೆಗೆ ಒಯ್ಯುವಂತಿಲ್ಲ. ಹಾವನ್ನು ಕೊಲ್ಲುವ ಮಾತಂತೂ ದೂರವೇ ಉಳಿಯಿತು: ದಾರಿಯಲ್ಲಿ ಸತ್ತುಬಿದ್ದ ನಾಗರಹಾವಿಗೆ ಮನುಷ್ಯರಿಗೆ ಮಾಡುವಂತೆ ದಹನಸಂಸ್ಕಾರವನ್ನು ಮಾಡುವ ಸೀಮೆಯಿದು. ಅಣ್ಣನವರ ವಚನದ ಪೆಟ್ಟು ಕಲ್ಲಿಗೆ ಹಾಲೆರೆದು ಜೀವವನ್ನು ಹೊಡೆಯುವವರಿಗೆ. ಕಲ್ಲಿನ ನೆವದಿಂದ ಜೀವವನ್ನು ಉಳಿಸಿದವರ ಮುಂದೆ ನಿಂತು ನಾನು ಆ ವಚನವನ್ನು ಮತ್ತೊಮ್ಮೆ ಮನಸ್ಸಿನಲ್ಲಿ ಹೇಳಿಕೊಂಡೆ. ಅದು ಅವರಿಗೆ ತಗಲಲಿಲ್ಲ.

ಇದೇ ಬಗೆಯ ಶ್ರದ್ಧೆ ದೂರದ ಜಪಾನಿನಲ್ಲಿಯೂ ಇದೆ. ಅಲ್ಲಿಯ ಶಿಂಟೋ ಧರ್ಮಕ್ಕೆ ಸಂಸ್ಥಾಪಕನಿಲ್ಲ. ಮರ, ಬಂಡೆ, ಜಲಪಾತಗಳಲ್ಲಿ 'ಕಾಮಿ' ಎಂಬ ದೈವತವಿದೆಯೆಂದು ಅವರ ನಂಬಿಕೆ. ಕೈ, ಬಾಯಿ ತೊಳೆದು ಒಳಗೆ ಹೋಗುವುದು, ಹಳೆಯ ಮರಕ್ಕೆ ಹುಲ್ಲಿನ ಹಗ್ಗವನ್ನು ಸುತ್ತಿ ಪವಿತ್ರವೆಂದು ಗುರುತಿಸುವುದು ಅವರ ಕ್ರಮ. ಗುಡಿಯ ಸುತ್ತ ಬನವಿರುತ್ತದೆ. 1906ರಲ್ಲಿ ಅಲ್ಲಿಯ ಸರ್ಕಾರವು ಸಣ್ಣ ಗುಡಿಗಳನ್ನೆಲ್ಲ ದೊಡ್ಡವುಗಳಲ್ಲಿ ವಿಲೀನಗೊಳಿಸುವ ಆಜ್ಞೆಯನ್ನು ಹೊರಡಿಸಿದಾಗ ಬನಗಳಿಗೆ ಕೊಡಲಿ ಬಿತ್ತು. ಮಿನಕಟಾ ಕುಮಾಗುಸು ಎಂಬ ಸಸ್ಯವಿಜ್ಞಾನಿ ಅದನ್ನು ವಿರೋಧಿಸಿ 1910ರಲ್ಲಿ ಸೆರೆಮನೆಗೂ ಹೋದರು. ಉಳಿದ ಬನಗಳಲ್ಲಿಯೇ ದೇಶದ ಮೂಲವೃಕ್ಷಗಳನ್ನು ಗುರುತಿಸಿದವರು 2021ರಲ್ಲಿ ತೀರಿಕೊಂಡ ಅಕಿರಾ ಮಿಯಾವಾಕಿ. ಇಂದು ಬೆಂಗಳೂರಿನಂಥ ನಗರಗಳಲ್ಲಿ ಅವರ ಹೆಸರಿನ ಪದ್ಧತಿಯಿಂದ ಗಿಡ ನೆಟ್ಟು ಪುಟ್ಟ ಕಾಡುಗಳನ್ನು ಬೆಳೆಸುತ್ತಿದ್ದಾರೆ. ಬೆಳೆದುನಿಂತಿರುವುದನ್ನು ಉಳಿಸಿಕೊಳ್ಳುವುದು ಅದಕ್ಕಿಂತ ಅಗ್ಗವಲ್ಲವೆ?

ಈ ಪ್ರಶ್ನೆಗೆ ಕಾರಣವಿದೆ. ಕರಾವಳಿಯಲ್ಲಿ ಈಗ ಬನಗಳ 'ಜೀರ್ಣೋದ್ಧಾರ'ದ ಕಾಲ. ಮರಗಳನ್ನು ಕಡಿದು, ನೆಲಕ್ಕೆ ಸಿಮೆಂಟು ಹಾಸಿ, ಸುತ್ತ ಗೋಡೆ ಕಟ್ಟಿ, ನಯಗೊಳಿಸಿದ ಕಲ್ಲಿನ ಕಟ್ಟೆಯ ಮೇಲೆ ನಾಗನನ್ನು ಕೂರಿಸುವುದು ಭಕ್ತಿಯ ಲಕ್ಷಣವೆನಿಸಿದೆ. ದಾರಿಯಲ್ಲಿ ಅಂಥವನ್ನು ಅನೇಕ ಕಂಡೆ. ಅಲ್ಲಿ ನಾಗನಿಗೆ ವಿಳಾಸವಿದೆ, ಹಾವಿಗೆ ಜಾಗವಿಲ್ಲ. ಎಂಟು ಶತಮಾನಗಳ ಹಿಂದಿನ ವಚನವು ಮತ್ತೆ ಹರಿತವಾಗುವುದು ಇಂಥ ಕಟ್ಟೆಗಳ ಮುಂದೆ. ಎಲ್ಲರೂ ಹಾಗಿಲ್ಲ, ಪಡುಬಿದ್ರಿಯ ಬ್ರಹ್ಮಸ್ಥಾನದಲ್ಲಿ ಇಂದಿಗೂ ಗುಡಿಗೋಪುರವಿಲ್ಲದೆ ಮರಗಳ ನಡುವೆ, ಮರಳಿನ ಮೇಲೆಯೇ ಡಕ್ಕೆಬಲಿ ನಡೆಯುತ್ತದೆ.

ಯಜಮಾನರ ಮನೆಯಲ್ಲಿಯೂ ಈ ವಿವಾದವಿತ್ತು. ಮುಂಬಯಿಯ ತಮ್ಮಂದಿರು ಬನವನ್ನು 'ಚೆಂದ ಮಾಡಿಸಲು' ಹಣ ಕೂಡಿಸಿದ್ದರು. ಸೇವೆಗೇ ಲಕ್ಷಾಂತರ ಖರ್ಚಾಗಿ, ಯಜಮಾನರು ಸಾಲವನ್ನೂ ಮಾಡಿದ್ದರು, ಇನ್ನು ಇದು. ನಿಮ್ಮ ಅಭಿಪ್ರಾಯವೇನೆಂದು ತಮ್ಮಂದಿರಲ್ಲೊಬ್ಬರು ನನ್ನನ್ನೇ ಕೇಳಿದರು. ನಾಗನನ್ನು ಪೂಜಿಸದವನು ನಾಗನ ಮನೆಯ ವಿಷಯದಲ್ಲಿ ಹೇಳುವುದೇನಿದೆ? ಆದರೂ, ರಾತ್ರಿ ಬರೆದ ಮಂಡಲದಲ್ಲಿ ಅಂಗಡಿಯ ಬಣ್ಣ ಒಂದೂ ಇರಲಿಲ್ಲವಲ್ಲ, ಅದೇಕೆಂದು ವೈದ್ಯರನ್ನು ಕೇಳಿ ನೋಡಿ, ಎಂದೆ. ಅವರು ಸುಮ್ಮನಾದರು. ಒಪ್ಪಿದರೋ, ಬೇಸರಿಸಿದರೋ ತಿಳಿಯಲಿಲ್ಲ.

ಅತ್ತೆಯವರಿಗೆ ಮಾತ್ರ ಯಾವ ಸಂದೇಹವೂ ಇರಲಿಲ್ಲ. ಬನದಿಂದ ಹೊರಗೆ ಬರುವಾಗ ಕಾಲ್ದಾರಿಯ ಪಕ್ಕದಲ್ಲಿ ಆಗಲೇ ಲಾರಿಯಿಂದ ಇಳಿಸಿದ ಕಲ್ಲಿನ ಚಪ್ಪಡಿಗಳು ಒಂದರ ಮೇಲೊಂದು ಕುಳಿತಿದ್ದವು. ಆಕೆ ಅವುಗಳತ್ತ ಕೋಲನ್ನು ಚಾಚಿ, "ಮರ ಮುಟ್ಟುಕಾಗ, ಅದ್ ನಾಗನ ಮನಿ" ಎಂದರು. ಆಮೇಲೆ ಚಪ್ಪಡಿಯೊಂದರ ಮೇಲೆ ಕುಳಿತು, ಸೆರಗಿನ ಗಂಟನ್ನು ಬಿಚ್ಚಿ, ಎಲೆಗೆ ಸುಣ್ಣ ಹಚ್ಚತೊಡಗಿದರು.