ತಮಟೆಗೆ ಮುಂಚಿನ ವಾಯಿದೆ

ಬೆಳಗಿನ ಪಾಳಿಯ ಬಸ್ಸುಗಳು ಬಿಡದಿ ಕೈಗಾರಿಕಾ ಪ್ರದೇಶದೊಳಗೆ ಒಂದರ ಹಿಂದೆ ಒಂದು ತಿರುಗುತ್ತಿವೆ. ಬೈರಮಂಗಲದ ಕಡೆಯಿಂದ ಗಾಳಿ ಬೀಸಿದರೆ ವೃಷಭಾವತಿಯ ಕೊಳಕು ವಾಸನೆ ಮೂಗಿಗೆ ಹೊಡೆಯುತ್ತದೆ, ನಿಂತರೆ ನಿಮ್ಮದೇ ಶೆಡ್ಡಿನ ಆಯಿಲ್ ವಾಸನೆ. ಲೇತ್ ಇನ್ನೂ ಶುರುವಾಗಿಲ್ಲ. ಗೇಟಿನ ಹೊರಗೆ ಬೈಕೊಂದು ನಿಲ್ಲುತ್ತದೆ. ಯಾರೋ ನಿಮ್ಮ ಹೆಸರನ್ನು ತಂದೆಯ ಹೆಸರಿನ ಸಮೇತ ಕೂಗುತ್ತಾರೆ. ಹಾಗೆ ಕರೆಯುವವರು ಕೋರ್ಟಿನವರು ಮಾತ್ರ. ನಿಮ್ಮ ಬಾಯಿ ಒಣಗುತ್ತದೆ.

ಹಿಂಬಾಗಿಲು ತೆರೆದೇ ಇದೆ. ಇಷ್ಟು ದಿನ ನೀವು ಜಾರಿಕೊಂಡದ್ದೂ ಅದರಿಂದಲೇ. ಆರ್ಡರು ನಿಂತಾಗ ಶೆಡ್ಡು, ಪಕ್ಕದ ಮನೆ ಎರಡನ್ನೂ ಪರಿಚಯದವರೊಬ್ಬರಿಗೆ ಅಡಮಾನ ಮಾಡಿ ಸಾಲ ತಂದಿರಿ. ಜಾಗ ಸರ್ಕಾರದ ಕೈಗಾರಿಕಾ ಮಂಡಳಿ ಕೆಐಎಡಿಬಿ ಕೊಟ್ಟದ್ದಲ್ಲ, ಅಂಚಿನಲ್ಲಿರುವ ಸ್ವಂತದ್ದು. ಬ್ಯಾಂಕಾಗಿದ್ದರೆ 2002ರ ಸರ್ಫೇಸಿ ಕಾಯ್ದೆ ಹಿಡಿದು ಡಿಕ್ರಿ ಇಲ್ಲದೆಯೇ ಬರಬಹುದಿತ್ತು. ಇವರು ದಾವೆ ಹೂಡಿದರು. ಪ್ರಾಥಮಿಕ ಡಿಕ್ರಿ ಆಯಿತು, ಕಟ್ಟಲು ಕೊಟ್ಟ ಆರು ತಿಂಗಳೂ ಕಳೆದವು, ಅಂತಿಮ ಡಿಕ್ರಿ ಆಯಿತು. ಅಸಲು, ಬಡ್ಡಿ, ಖರ್ಚು ಸೇರಿ 18 ಲಕ್ಷ.

"ಯಜಮಾನ್ರೇ, ಸೈನ್ ಹಾಕಿ ಇಸ್ಕೊಳ್ಳಿ. ಬ್ಯಾಡ ಅಂದ್ರೆ ಬಾಗ್ಲಿಗೆ ಅಂಟಿಸಿ ಹೋಗ್ಬೇಕಾಯ್ತದೆ," ಎನ್ನುತ್ತಾರೆ ಅಮೀನರು. ದನಿಯಲ್ಲಿ ಗದರಿಕೆ ಇಲ್ಲ. ನಿಮ್ಮ ಹೆಬ್ಬೆರಳಿನ ಗ್ರೀಸು ಕಾಗದದ ಅಂಚಿಗೆ ಮೆತ್ತಿಕೊಳ್ಳುತ್ತದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶ, 66ನೇ ನಿಯಮ ಎಂದು ಬರೆದಿದೆ. ಇದು ಹರಾಜಲ್ಲ. ಹರಾಜಿನ ಪ್ರಕಟಣೆಯಲ್ಲಿ ಏನೇನು ಬರೆಯಬೇಕು, ಬಂದು ಹೇಳಿ ಎಂಬ ಕರೆ.

ಈ ಕರೆಗೆ ಹೋಗದೆ ಕೂರುವವರಿದ್ದಾರೆ. ಹೋಗಿ. ಕಾಲು ನಡುಗುತ್ತಿದ್ದರೂ ಹೋಗಿ.

ವಾಯಿದೆಯ ದಿನ ರಾಮನಗರದ ಕೋರ್ಟಿನ ಕಾರಿಡಾರಿನಲ್ಲಿ ಬೆವರು, ಕಾರ್ಬನ್ ಕಾಗದ, ಫ್ಲಾಸ್ಕಿನ ಚಹಾ ಒಟ್ಟಿಗೇ ಮೂಗಿಗೆ ಬಡಿಯುತ್ತವೆ. ವಕೀಲರು ನಿಮ್ಮ ಕಿವಿಯ ಹತ್ತಿರ ಬಗ್ಗುತ್ತಾರೆ: "ಇವತ್ತು ಎತ್ತಬಹುದಾದ ತಕರಾರು ಇವತ್ತೇ ಎತ್ತಬೇಕು. ಈಗ ಸುಮ್ಮನಿದ್ದು, ಹರಾಜಾದ ಮೇಲೆ ಅದೇ ಮಾತು ಹೇಳಿದರೆ 90ನೇ ನಿಯಮದಲ್ಲಿ ಕೇಳೋದಿಲ್ಲ." ಇನ್ನೊಂದನ್ನೂ ಹೇಳುತ್ತಾರೆ. ಇದೇ ಮೈಸೂರು ರಸ್ತೆಯ ದೀವಟಿಗೆ ರಾಮನಹಳ್ಳಿಯ ಜಮೀನಿನ ವ್ಯಾಜ್ಯ ದೆಹಲಿಯವರೆಗೆ ಹೋಗಿ, 2021ರ ಏಪ್ರಿಲ್ 22ರಂದು ಸುಪ್ರೀಂ ಕೋರ್ಟ್ ಡಿಕ್ರಿಯ ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳೊಳಗೆ ಮುಗಿಸಬೇಕೆಂದಿತು. ದಿನ ದೂಡುವ ಹಳೆಯ ಉಪಾಯವನ್ನು ಇನ್ನು ನಂಬಿ ಕೂರಬೇಡಿ.

ನಿಮ್ಮ ಕೇಸಿನ ನಂಬರು ಕೂಗುತ್ತಾರೆ.

ಎದುರಿನ ವಕೀಲರು ಶೆಡ್ಡು, ಮನೆ ಎರಡನ್ನೂ ಒಟ್ಟಿಗೆ ಮಾರಬೇಕೆಂದು ಪಟ್ಟಿ ಕೊಟ್ಟಿದ್ದಾರೆ. ಬೆಲೆ ಕಾಲಂನಲ್ಲಿ 20 ಲಕ್ಷ. ರಕ್ತ ತಲೆಗೇರುತ್ತದೆ. ಕಿರುಚಬೇಡಿ. ನಿಮ್ಮ ವಕೀಲರು ಎದ್ದು 34ನೇ ಆದೇಶದ ಮಾತನ್ನು ಓದುತ್ತಾರೆ: ಅಡಮಾನದ ಸ್ವತ್ತು, ಅಥವಾ ಸಾಲ ತೀರಲು ಸಾಕಾಗುವಷ್ಟು ಭಾಗ. 1989ರ ಅಂಬಟಿ ನರಸಯ್ಯ ಪ್ರಕರಣದ ಹೆಸರು ಎತ್ತುತ್ತಾರೆ. ಅಲ್ಲಿ ಎರಡೂವರೆ ಸಾವಿರಕ್ಕೂ ಕಡಿಮೆ ಬಾಕಿಗೆ ಹತ್ತು ಎಕರೆ 17,000ಕ್ಕೆ ಮಾರಾಟವಾಗಿತ್ತು. ಭಾಗ ಸಾಕಾಗುವಲ್ಲಿ ಇಡೀ ಸ್ವತ್ತು ಮಾರುವ ಅಧಿಕಾರ ಕೋರ್ಟಿಗೇ ಇಲ್ಲ ಎಂದು ಸುಪ್ರೀಂ ಕೋರ್ಟ್ ಆ ಹರಾಜನ್ನು ಉಳಿಸಲಿಲ್ಲ.

ನ್ಯಾಯಾಧೀಶರು ಕನ್ನಡಕದ ಮೇಲಿಂದ ನಿಮ್ಮನ್ನೇ ನೋಡುತ್ತಾರೆ. "ಯಾವುದನ್ನ ಬಿಡ್ತೀರಿ?"

ಇಷ್ಟು ಬೇಗ ಈ ಪ್ರಶ್ನೆ ಬರುತ್ತದೆಂದು ನೀವು ಎಣಿಸಿರಲಿಲ್ಲ. ಶೆಡ್ಡು ಎಂದರೆ ಅನ್ನ. ಮನೆ ಎಂದರೆ ಹಾಸಿಗೆ ಹಿಡಿದ ಅವ್ವ, ಹತ್ತನೇ ಕ್ಲಾಸಿನ ಮಗಳು. ಗಂಟಲಲ್ಲಿ ಮಾತು ಸಿಕ್ಕಿಕೊಳ್ಳುತ್ತದೆ. ಹಿಂದಿನ ಬೆಂಚಿನಲ್ಲಿ ಯಾರೋ ಕೆಮ್ಮುತ್ತಾರೆ. "ಶೆಡ್ಡು, ಸ್ವಾಮಿ," ಎನ್ನುತ್ತೀರಿ. ನಿಮ್ಮ ದನಿ ನಿಮಗೇ ಬೇರೆಯವರದ್ದು ಅನ್ನಿಸುತ್ತದೆ. ಪ್ರಕಟಣೆಯಲ್ಲಿ ಶೆಡ್ಡಿನ ಬೆಲೆಯಾಗಿ ಅವರು ಹೇಳಿದ್ದೂ ಇರುತ್ತದೆ, ನೀವು ಹೇಳಿದ 26 ಲಕ್ಷವೂ ಇರುತ್ತದೆ. ಸಾಲ ಕೊಟ್ಟವರು ತಾವೇ ಕೊಳ್ಳಲು ಅನುಮತಿ ಕೇಳುತ್ತಾರೆ. ಅನುಮತಿ ಇಲ್ಲದೆ ಅವರು ಸವಾಲು ಕೂಗುವಂತಿಲ್ಲ, ಕೊಟ್ಟರೆ ಅವರಿಗೊಂದು ಕನಿಷ್ಠ ಬೆಲೆ ಕಟ್ಟಲೇಬೇಕು.

ಆಮೇಲೆ ಹರಾಜು ಸಾರುವ ತಮಟೆ ಬರುತ್ತದೆ. ಊಟದ ಹೊತ್ತಿಗೆ, ರಸ್ತೆಯಲ್ಲಿ ಜನ ಇರುವಾಗಲೇ. ಮೊದಲ ಏಟು ಎದೆಗೇ ಬೀಳುತ್ತದೆ. ಪಕ್ಕದ ಶೆಡ್ಡಿನ ಹುಡುಗರು ಮೆಷಿನ್ ನಿಲ್ಲಿಸುತ್ತಾರೆ, ತಟ್ಟೆ ಇಡ್ಲಿ ಹೋಟೆಲಿನ ಮುಂದೆ ನಿಂತವರು ಕೈ ತೊಳೆಯದೆ ಇತ್ತಲೇ ನೋಡುತ್ತಾರೆ. ಅಮೀನರು ಗಟ್ಟಿಯಾಗಿ ಓದುತ್ತಾರೆ. ಗೋಡೆಗೆ ಗೋಂದು ಬಳಿದು ಕಾಗದ ಅಂಟಿಸುತ್ತಾರೆ, ಪಂಚರು ಮಹಜರಿಗೆ ಸಹಿ ಹಾಕುತ್ತಾರೆ. ಕಿಟಕಿಯಿಂದ ಹೆಂಡತಿ ಕೇಳುತ್ತಾಳೆ, "ಮನೇದೂ ಓದುದ್ರೇನ್ರೀ?" ನೀವು ಪ್ರತಿ ಸಾಲಿಗೂ ಕಿವಿಗೊಟ್ಟಿದ್ದೀರಿ. ಮನೆಯ ಹೆಸರಿಲ್ಲ. ಅವಮಾನ ಬೆನ್ನಮೇಲೆ ಬೆವರಾಗಿ ಇಳಿಯುತ್ತಿದೆ, ಆದರೂ ನಾನು ಹೇಳುತ್ತೇನೆ: ಈ ತಮಟೆ ನಿಮ್ಮ ಪರವೂ ಹೌದು. ಗುಟ್ಟಾಗಿ ಮಾರಿದ ಸ್ವತ್ತು ನೀರಿನ ಬೆಲೆಗೆ ಹೋಗುತ್ತದೆ, ಸುದ್ದಿ ಹರಡಿದರೆ ಸವಾಲು ಏರುತ್ತದೆ. ಕೋರ್ಟಿನ ಬೋರ್ಡಿಗೆ ಪ್ರಕಟಣೆ ಅಂಟಿಸಿ ಕನಿಷ್ಠ 15 ದಿನ ಕಳೆಯದೆ, ನಿಮ್ಮ ಲಿಖಿತ ಒಪ್ಪಿಗೆ ಇಲ್ಲದಿದ್ದರೆ, ಹರಾಜು ನಡೆಯುವಂತಿಲ್ಲ.

ಹರಾಜು ಬೇಗ ಮುಗಿಯುತ್ತದೆ. ಹದಿನಾರು. ಹದಿನೆಂಟು. ಇಪ್ಪತ್ತೊಂದು. ಒಂದು ಗಳಿಗೆ ಯಾರೂ ಉಸಿರೆತ್ತುವುದಿಲ್ಲ. ಇಪ್ಪತ್ನಾಲ್ಕು! ಕೊಂಡವರು ಕಾಲು ಭಾಗ, 6 ಲಕ್ಷ, ಅಲ್ಲೇ ಕಟ್ಟುತ್ತಾರೆ. ಉಳಿದದ್ದು 15 ದಿನದೊಳಗೆ ಬರಬೇಕು, ತಪ್ಪಿದರೆ ಮರುಹರಾಜು.

ಅಂದು ರಾತ್ರಿ ವಕೀಲರ ಫೋನು ಬರುತ್ತದೆ. ಹರಾಜು ಕಾಯಂ ಆಗುವ ಮುಂಚೆ ಪೂರ್ತಿ ಬಾಕಿ, ಜೊತೆಗೆ ಕೊಂಡವರಿಗೆ ಖರೀದಿ ಹಣದ ನೂರಕ್ಕೆ ಐದು ಕಟ್ಟಿದರೆ ಶೆಡ್ಡು ವಾಪಸು. ಲೆಕ್ಕ 19 ಲಕ್ಷ 20 ಸಾವಿರ. ಅಷ್ಟನ್ನೂ ಕೊಡಲು ಒಬ್ಬರು ತಯಾರಿದ್ದಾರೆ, ಮನೆಯನ್ನು ಅಡಮಾನ ಇಟ್ಟರೆ. ಕತ್ತಲಲ್ಲಿ ಅವ್ವನ ಉಸಿರು ಕೇಳಿಸುತ್ತದೆ. ಫೋನು ಕಿವಿಯಲ್ಲಿ ಬಿಸಿಯಾಗುತ್ತಿದೆ. ಹೂಂ ಅನ್ನಲು ಒಂದು ಕ್ಷಣ ಸಾಕು.

"ಬೇಡ ಸಾರ್," ಎನ್ನುತ್ತೀರಿ.

ತಕರಾರಿಗೆಂದು ಕೊಟ್ಟ 60 ದಿನ ಕಳೆದು ಹರಾಜು ಕಾಯಂ ಆಗುತ್ತದೆ. ವಕೀಲರ ಮೇಜಿನ ಮೇಲೆ ಎರಡು ಅರ್ಜಿ ಇವೆ: ಬಾಕಿ, ಹರಾಜಿನ ಖರ್ಚು ಕಳೆದು ಉಳಿದ ಹಣಕ್ಕೆ ಒಂದು, ಮನೆಯ ಪತ್ರ ವಾಪಸಿಗೆ ಇನ್ನೊಂದು. ಎರಡಕ್ಕೂ ಸಹಿ ಹಾಕಿ, ಬಾಡಿಗೆ ಶೆಡ್ಡು ನೋಡಲು ನೀವು ಹಾರೋಹಳ್ಳಿ ಬಸ್ಸು ಹತ್ತುತ್ತೀರಿ.