ಕಾಫಿ ಕಣದಲ್ಲಿ ಸುಕ್ರಜ್ಜಿ

2025ರ ಫೆಬ್ರವರಿ 13, ಗುರುವಾರ. ಗೋಣಿಬೀಡಿನ ಆಚೆ ಒಂದು ಕಾಫಿ ಕಣ. ಹೇಮಾವತಿ ಕಡೆಯಿಂದ ಎದ್ದ ಮಂಜು ಸಿಲ್ವರ್ ಮರಗಳ ತುದಿಯನ್ನಿನ್ನೂ ಬಿಟ್ಟಿಲ್ಲ. ರಾತ್ರಿ ಮುಚ್ಚಿದ್ದ ಟಾರ್ಪಾಲು ಎತ್ತುತ್ತಿದ್ದಂತೆ ರೊಬಸ್ಟಾ ಹಣ್ಣಿನ ಹುಳಿವಾಸನೆ ಗಪ್ಪೆಂದು ಮೂಗಿಗೆ ಬಡಿಯುತ್ತದೆ. ಅಂಚಿನಲ್ಲೇ ನಿಲ್ಲಿ. ಹಣ್ಣು ತುಳಿದರೆ ರೈಟರ್ ಬಯ್ಯುತ್ತಾರೆ.

ಗೋರುಮಣೆ ಎಳೆಯುತ್ತಿರುವ ಅಕ್ಕ ಹಸಲರ ಸಮುದಾಯದವರು. ಸೊಂಟಕ್ಕೆ ಸಿಕ್ಕಿಸಿದ ಮೊಬೈಲು ಆಗಾಗ ಗುಂಯ್‌ಗುಟ್ಟುತ್ತದೆ. ತೆಗೆದು ನೋಡಿದವರು ಅಲ್ಲೇ ನಿಂತುಬಿಡುತ್ತಾರೆ.

“ಎಂಥ ಮಾರಾಯ್ರೆ, ಆ ಮಣಿಸರದ ಅಜ್ಜಿ ಹೋಗ್ಬಿಟ್ರಂತೆ!”

ನೀವೂ ಬಗ್ಗಿ ನೋಡುತ್ತೀರಿ. ಅಂಗೈಯಗಲದ ಪರದೆಯಲ್ಲಿ ಸುಕ್ರಿ ಬೊಮ್ಮಗೌಡ. ರವಿಕೆಯಿಲ್ಲದ ಹಾಲಕ್ಕಿ ಸಮುದಾಯದ ಉಡುಗೆ, ಕತ್ತಿನಿಂದ ಎದೆಯವರೆಗೆ ಒತ್ತೊತ್ತಾಗಿ ಕರಿಮಣಿ ಸರಗಳು. ಬೆಳಗಿನ ಜಾವ ಅಂಕೋಲಾ ತಾಲ್ಲೂಕಿನ ಬಡಗೇರಿಯ ಮನೆಯಲ್ಲಿ ತೀರಿಕೊಂಡರು. 88 ವರ್ಷ. ಹಳೆಯ ವಿಡಿಯೊದಲ್ಲಿ ಅಜ್ಜಿ ಹಾಡುತ್ತಿದ್ದಾರೆ. ಪತ್ರಿಕೆಗಳು ಅವರನ್ನು ‘ಹಾಲಕ್ಕಿ ಕೋಗಿಲೆ’ ಎಂದು ಕರೆದವು. ನನಗೆ ಆ ಬಿರುದು ಯಾವತ್ತೂ ಒಗ್ಗಿಲ್ಲ. ಇದು ಕೊಂಬೆಯ ಮೇಲೆ ಕೂತು ಹಾಡುವ ದನಿಯಲ್ಲ. ಸೊಂಟ ಬಗ್ಗಿಸಿ ಸಸಿ ನೆಡುವಾಗ ಉಸಿರಿನ ಜೊತೆಗೇ ಬರುವ ದನಿ.

ಇಲ್ಲಿಂದ ಹೊರಟರೆ ಮೂಡಿಗೆರೆ, ಕೊಟ್ಟಿಗೆಹಾರ ದಾಟಿ ಚಾರ್ಮಾಡಿ ಇಳಿಯಬೇಕು. ಆಮೇಲೆ ಕರಾವಳಿಯ ಹೆದ್ದಾರಿ ಹಿಡಿದು ಭಟ್ಕಳ, ಹೊನ್ನಾವರ, ಕುಮಟಾ, ಗಂಗಾವಳಿ ಹೊಳೆ. ಅಷ್ಟು ದೂರದ ಗದ್ದೆಬಯಲಲ್ಲಿ ಒಬ್ಬ ಹುಡುಗಿ ಅವ್ವನ ಬಾಯಿಂದ ಹಾಡು ಕಲಿತಳು. ಶಾಲೆಯ ಮೆಟ್ಟಿಲು ಹತ್ತಲಿಲ್ಲ. ಎಳೆಯ ವಯಸ್ಸಿನಲ್ಲೇ, ತನಗಿಂತ ಬಹಳ ದೊಡ್ಡವರಾದ ಬೊಮ್ಮಗೌಡರ ಜೊತೆ ಮದುವೆ. ಗಂಡ ಬೇಗ ಹೋದರು. ಹೆತ್ತ ಮಕ್ಕಳು ಉಳಿಯಲಿಲ್ಲ. ಸಾಕಿದ ಮಗನನ್ನು ಕುಡಿತ ತಿಂದಿತು. ಉಳಿದದ್ದು ಹಾಡು: ನಾಟಿಯದು, ಮದುವೆಯದು, ತೊಟ್ಟಿಲದು, ಸುಗ್ಗಿಯದು. ಸಾವಿರಕ್ಕೂ ಹೆಚ್ಚು, ಎಲ್ಲವೂ ನೆನಪಿನಲ್ಲೇ. ಅವುಗಳಲ್ಲಿ ಒಂದಷ್ಟನ್ನು ಕಾರವಾರದ ಆಕಾಶವಾಣಿ ಧ್ವನಿಮುದ್ರಿಸಿಕೊಂಡಿತು.

ಬಡಗೇರಿಯ ಹೆಂಗಸರು ಸಾರಾಯಿಯ ವಿರುದ್ಧ ಎದ್ದಾಗ ಮುಂದೆ ನಿಂತದ್ದು ಇದೇ ಅಜ್ಜಿ. ಸೋಬಾನೆ ಹಾಡುವ ಬಾಯಿ ಅಂಗಡಿ ಮುಚ್ಚಿ ಎಂದು ಕೂಗಿದಾಗ ಊರಿನ ಗಂಡಸರಿಗೆ ಹೇಗಾಗಿರಬೇಡ! ಕರ್ನಾಟಕದಲ್ಲಿ ಸಾರಾಯಿ ನಿಷೇಧವಾದದ್ದು 2007ರ ಜುಲೈ 1ರಂದು.

ಈ ಮಾತು ಕೇಳಿ ಅಕ್ಕ ಗೋರುಮಣೆಯ ಕೋಲಿಗೆ ಗಲ್ಲ ಊರುತ್ತಾರೆ.

“ನಮ್ಮಲ್ಲೂ ಬಟವಾಡೆ ದಿನ ಹಂಗೇ ಇತ್ತು. ಪ್ಯಾಕೆಟ್ ಹೋಯ್ತು, ಈಗ ಬ್ರಾಂಡಿ. ದುಡ್ಡು ಮನೆಗೆ ಬರೋದ್ರೊಳಗೆ ಅರ್ಧ.”

2017ರಲ್ಲಿ ಪದ್ಮಶ್ರೀ ಬಂತು. ದಿಲ್ಲಿಗೂ ಅಜ್ಜಿ ಅದೇ ಉಡುಗೆ, ಅದೇ ಮಣಿಸರದಲ್ಲಿ ಹೋದರು. ಗಿಡಮರ ಬೆಳೆಸಿ ಹೆಸರಾದ ಹೊನ್ನಳ್ಳಿಯ ತುಳಸಿ ಗೌಡರಿಗೂ ಮುಂದೆ ಅದೇ ಗೌರವ ಸಿಕ್ಕಿತು. ಅವರು ತೀರಿಕೊಂಡದ್ದು 2024ರ ಡಿಸೆಂಬರ್ 16ರಂದು. ಎರಡು ತಿಂಗಳೊಳಗೆ ಒಂದೇ ತಾಲ್ಲೂಕಿನ ಇಬ್ಬರು ಹಾಲಕ್ಕಿ ಅಜ್ಜಿಯರು. ಹಾಲಕ್ಕಿಗಳನ್ನು ಪರಿಶಿಷ್ಟ ಪಂಗಡಕ್ಕೆ ಸೇರಿಸಿ ಎಂದು ಸುಕ್ರಜ್ಜಿ ಸಿಕ್ಕವರನ್ನೆಲ್ಲ ಕೇಳುತ್ತಿದ್ದರು. ಕೈಗೆ ಪದಕ ಬಂತು, ಪಂಗಡದ ಆ ಕಾಗದ ಮಾತ್ರ ಬರಲಿಲ್ಲ.

“ನಮ್ಗೆ ಆ ಸರ್ಟಿಫಿಕೇಟ್ ಉಂಟು,” ಎನ್ನುತ್ತಾರೆ ಅಕ್ಕ. “ಹಾಡೇ ಇಲ್ಲ. ನಮ್ಮವ್ವ ನಾಟಿಗೆ ಇಳಿದ್ರೆ ಸಂಜೆವರೆಗೂ ಹೇಳ್ತಿತ್ತು. ನಾವು ಚಿಕ್ಕೋರಿದ್ದಾಗ ನಕ್ಕಿದ್ದೇ ಬಂತು.”

ಬಿಸಿಲು ಕಣದ ಅರ್ಧಕ್ಕೆ ಬಂದಿದೆ. ಹಣ್ಣು ತಿರುವಿ ಹಾಕುವ ಹೊತ್ತು. ಮೊಬೈಲು ಮತ್ತೆ ಸೊಂಟ ಸೇರುತ್ತದೆ. ಗೋರುಮಣೆ ಕರಕರ ಎನ್ನುತ್ತ ಸಾಗುತ್ತದೆ. ಸ್ವಲ್ಪ ಹೊತ್ತಿಗೆ ಅದರ ಸದ್ದಿನಡಿ ಇನ್ನೊಂದು ಸದ್ದು. ಕಿವಿಗೊಡಿ, ಅಕ್ಕ ಏನೋ ಗುನುಗುತ್ತಿದ್ದಾರೆ. ಒಂದು ಸಾಲು ಬರುತ್ತದೆ, ಮುಂದಿನದು ಸಿಗುವುದಿಲ್ಲ. ಕಣದ ಕೊನೆ ಮುಟ್ಟಿ ಗೋರುಮಣೆ ತಿರುಗಿಸಿ, ಮತ್ತೆ ಮೊದಲ ಸಾಲಿನಿಂದಲೇ ಶುರು ಮಾಡುತ್ತಾರೆ.